ಅಂಚೆಯವನ ಕೈ

"ಇನ್ನೊಂದ್ಸಲ ಉಂಗುರ ಕುಟ್ಟಿ, ಆಮೇಲೆ ಇದೆ ನಿಮಗೆ," ಎಂದಳು ಹೆಂಡತಿ. "ನಾನು ಮಾತು ಮುಗಿಸೋವರೆಗೂ ಸುಮ್ನೆ ಕೂತ್ಕೊಳ್ಳಿ."

ಸಂಕಲನಕಾರ ಕೈಯನ್ನು ಮೇಜಿನಿಂದ ತೆಗೆದು ತೊಡೆಯ ಮೇಲಿಟ್ಟುಕೊಂಡ. ನಲವತ್ತು ವರ್ಷ ಸಿನಿಮಾ ಕತ್ತರಿಸಿದ ಕೈ ಅದು. ದೃಶ್ಯ ಎಲ್ಲಿ ಸಾಕು ಅನ್ನಿಸುತ್ತದೋ ಅಲ್ಲಿ ಉಂಗುರ ತಾನಾಗಿಯೇ ಟಕ್ಕೆಂದು ಮೇಜು ಕುಟ್ಟುತ್ತಿತ್ತು. ಆ ಸದ್ದಿಗೆ ಎಂತೆಂಥ ನಾಯಕನಟರೂ ಬೆವರುತ್ತಿದ್ದರು. ಮನೆಯಲ್ಲಿ ನೆಂಟರು ಮಾತು ಎಳೆದಾಗಲೂ ಕುಟ್ಟುತ್ತಿತ್ತು, ಹಾಗಾಗಿ ನೆಂಟರ ಕಾಟವೂ ಅಷ್ಟಾಗಿ ಇರಲಿಲ್ಲ.

ಹೆಂಡತಿಯ ಹಟ ಒಂದೇ. ಮೂವತ್ತೊಂದು ವರ್ಷದ ಹಿಂದಿನ ಚಿತ್ರವೊಂದನ್ನು ಕಂಪನಿಯವರು ತೊಳೆದು ಬಳಿದು ಮತ್ತೆ ಬಿಡುಗಡೆ ಮಾಡಲು ಹೊರಟಿದ್ದರು. ನಿರ್ದೇಶಕರು ತೀರಿಕೊಂಡಿದ್ದರಿಂದ ಸೇರಿಸುವುದು, ಬಿಡುವುದು ಎಲ್ಲ ಇವನ ಪಾಲಿಗೆ ಬಂದಿತ್ತು.

"ನನ್ನ ತಮ್ಮನ್ನ ವಾಪಸ್ ಹಾಕಿ," ಎಂದಳು.

ತಮ್ಮ ದರ್ಜಿ. ಆ ಚಿತ್ರದಲ್ಲಿ ಅಂಚೆಯವನ ಪಾತ್ರ ಸಿಕ್ಕಿತೆಂದು ಸಮವಸ್ತ್ರವನ್ನು ತಾನೇ ಹೊಲಿದುಕೊಂಡು ಹೋಗಿದ್ದ. ಬಿಡುಗಡೆಯ ದಿನ ಇಡೀ ಬೀದಿಯನ್ನೇ ಚಿತ್ರಮಂದಿರಕ್ಕೆ ಕರೆದೊಯ್ದ. ಪರದೆಯ ಮೇಲೆ ಬಂದದ್ದು ಅವನ ಒಂದು ಕೈ. ಖಾಕಿ ತೋಳು, ಕಾಗದ, ಅಷ್ಟೇ. ಮಿಕ್ಕದ್ದನ್ನು ಭಾವ ಕತ್ತರಿಸಿದ್ದ. "ಆ ಕೈ ನಂದೇ," ಎಂದು ಕತ್ತಲಲ್ಲಿ ಎಲ್ಲರಿಗೂ ಹೇಳಿದನಂತೆ. ಅಂದಿನಿಂದ ಬೀದಿಯವರ ಬಾಯಲ್ಲಿ ಅವನ ಹೆಸರೇ ಕೈ ಎಂದಾಯಿತು.

ಅಂದಿನಿಂದ ಅವನು ಅಕ್ಕನ ಮನೆ ಹೊಸ್ತಿಲು ತುಳಿದಿಲ್ಲ, ಭಾವನಿಗೆ ಅಂಗಿ ಹೊಲಿದಿಲ್ಲ. ಭಾವನಿಗೂ ಜಂಭ ಕಡಿಮೆಯೇ? ಬೇರೆ ದರ್ಜಿಯ ಬಳಿ ಹೋಗದೆ, ಮೂವತ್ತೊಂದು ವರ್ಷವೂ ತೋಳು ಉದ್ದದ ಸಿದ್ಧ ಅಂಗಿಗಳನ್ನೇ ಹಾಕಿಕೊಂಡು ಓಡಾಡಿದ.

"ಆ ಸೀನು ಚೆನ್ನಾಗಿಲ್ಲ ಕಣೇ."

"ನೀವೇನು ಮಹಾ ಚೆನ್ನಾಗಿದೀರಾ? ನಾನು ಇಟ್ಕೊಂಡಿಲ್ವಾ?"

ಕತ್ತರಿಸಿದ ತುಂಡುಗಳನ್ನು ಅವನು ಎಂದೂ ಎಸೆದವನಲ್ಲ. ಬೀರುವಿನ ಮೇಲಿದ್ದ ಬಿಸ್ಕತ್ತಿನ ಡಬ್ಬಿ ಇಳಿಸಿದ. ಒಳಗಿದ್ದ ಫಿಲ್ಮ್ ಸುರುಳಿಯ ಮೇಲೆ ಅವನದೇ ಅಕ್ಷರದಲ್ಲಿ 'ಬೇಡ' ಎಂದಿತ್ತು.

ಎರಡು ವಾರದ ಬಳಿಕ, ಮಧ್ಯಾಹ್ನ, ಸ್ಟುಡಿಯೋದ ಸಣ್ಣ ಕೋಣೆಯಲ್ಲಿ ಮೂವರೂ ಕೂತರು. ಮನೆಗಾದರೆ ಬರುವುದಿಲ್ಲ, ಸ್ಟುಡಿಯೋ ಆದರೆ ಅಡ್ಡಿಯಿಲ್ಲ ಎಂದು ದರ್ಜಿ ಬಂದಿದ್ದ. ಕೊರಳಲ್ಲಿ ಅಳತೆ ಟೇಪು ಹಾಗೇ ಇತ್ತು. ಭಾವನ ಕಡೆ ತಿರುಗಿಯೂ ನೋಡಲಿಲ್ಲ.

ಪರದೆಯ ಮೇಲೆ ಅಂಚೆಯವನು ಬಂದ. ನಾಯಕಿಗೆ ಅವಳ ಗಂಡ ಸತ್ತ ಸುದ್ದಿ ತಿಳಿಸುವ ಕಾಗದ ಅದು. ಬೆವರು ಒರೆಸಿಕೊಂಡ, ಕಾಗದ ಕೊಟ್ಟ. "ಒಳ್ಳೆ ಸುದ್ದಿನೇ ಇರ್ಲಿ ತಾಯಿ," ಎಂದು ನೇರ ಕ್ಯಾಮೆರಾ ನೋಡಿ ನಕ್ಕ. ನಾಯಕಿ ಅಳಲು ಶುರುಮಾಡಿದಳು. ಅವನು ನಗುತ್ತಲೇ ಇದ್ದ. ಪಾಪ, ಇವನು ಯಾವಾಗ ಹೋಗುತ್ತಾನೋ ಎಂದು ನಾಯಕಿ ಅಳುತ್ತಲೇ ಒಮ್ಮೆ ತಿರುಗಿ ನೋಡಿದಳು. ಅಕ್ಕ ಬಾಯಿಗೆ ಕೈ ಅಡ್ಡ ಹಿಡಿದಳು.

ಸಂಕಲನಕಾರ ದೀಪ ಹಾಕಿದ.

"ಭಾವ," ಎಂದ ದರ್ಜಿ. "ನೀವು ಹೊಟ್ಟೆಕಿಚ್ಚಿಗೆ ತೆಗೆದ್ರಿ ಅಂತ ಬೀದಿಗೆಲ್ಲ ಹೇಳಿಟ್ಟಿದೀನಿ. ಇದನ್ನ ಅವರು ನೋಡಿದ್ರೆ ನನ್ನ ಗತಿ ಏನು? ತೆಗೆದುಬಿಡಿ."

ಈ ಮಾತಿಗಾಗಿ ಮೂವತ್ತೊಂದು ವರ್ಷ ಕಾದಿದ್ದ ಸಂಕಲನಕಾರನಿಗೆ ಖುಷಿಯೇ ಆಗಲಿಲ್ಲ. ಆ ಖಾಕಿ ಅಂಗಿಯ ಇಸ್ತ್ರಿಯ ಗೆರೆ ಅವನ ಕಣ್ಣಿಗೆ ಬಿದ್ದಿದ್ದು ಇವತ್ತೇ. ಅಂದು ನೋಡಿದ್ದು ಬರೀ ದೃಶ್ಯದ ಉದ್ದ. ಅವನಿಗೆ ನಾಚಿಕೆಯಾಯಿತು.

"ಕತ್ತರಿಸಿದ್ದು ತಪ್ಪಲ್ಲ. ನಿನಗೊಂದು ಮಾತು ಹೇಳದೆ ಕತ್ತರಿಸಿದ್ದು ತಪ್ಪು," ಎಂದ. "ಈಗ ಇನ್ನೊಂದ್ಸಲ ಹಾಕ್ತೀನಿ. ಎಲ್ಲಿ ಸಾಕು ಅನ್ಸುತ್ತೋ ಅಲ್ಲಿ ಮೇಜು ಕುಟ್ಟು."

ಅಂಚೆಯವನು ಮತ್ತೆ ಬಂದ. ಬೆವರು ಒರೆಸಿಕೊಂಡ. ಕಾಗದ ಕೊಟ್ಟು ಮುಖ ಎತ್ತಿದ. ನಗು ಇನ್ನೇನು ತುಟಿಗೆ ಬರಬೇಕು, ದರ್ಜಿಯ ಬೆರಳ ಗಂಟೂ ಭಾವನ ಉಂಗುರವೂ ಒಟ್ಟಿಗೇ ಟಕ್ಕೆಂದವು. ಸಂಕಲನಕಾರ ಚಿತ್ರವನ್ನು ಅಲ್ಲೇ ನಿಲ್ಲಿಸಿದ.

"ಇಬ್ಬರೂ ಕತ್ತರಿ ಹಿಡಿದೋರೇ," ಎಂದಳು ಅಕ್ಕ. ನಗುತ್ತಿದ್ದಳು, ಕಣ್ಣೂ ಒರೆಸಿಕೊಳ್ಳುತ್ತಿದ್ದಳು.

ದರ್ಜಿ ಎದ್ದು ಕೊರಳಿನ ಟೇಪು ಎಳೆದುಕೊಂಡ.

"ಕೈ ನೀಡಿ, ಭಾವ."

ಸಂಕಲನಕಾರ ಕೈ ನೀಡಿದ. ಪರದೆಯ ಮೇಲೆ ಅಂಚೆಯವನು ಇನ್ನೂ ನಗದೆ ನಿಂತಿದ್ದ. ದರ್ಜಿ ಜೇಬಿನಿಂದ ಸೀಮೆಸುಣ್ಣದ ಬಿಲ್ಲೆ ತೆಗೆದು, ಬೆರಳುಗಳನ್ನು ಅರ್ಧ ಮುಚ್ಚಿದ್ದ ಆ ಅಂಗಿ ತೋಳಿನ ಮೇಲೆ, ಮಣಿಕಟ್ಟಿನ ಹತ್ತಿರ, ನಿಧಾನವಾಗಿ ಒಂದು ಗೆರೆ ಎಳೆದ.