ಹೆಚ್ಚಿದ ಬಳೆ

“ಏ ಮುದುಕಿ, ಪೆಟ್ಟಿಗಿ ತಗೀತಿಯೋ, ನಿಮ್ಮೌನ, ನಿನ್ನ ಮ್ಯಾಲೇ ಹಾಯಿಸಲ್ಯೋ?”

ಹೀಗೆ ಕೇಳಿದ ಲಗಮಪ್ಪನವರು ಪುರಸಭೆಯ ಅಧ್ಯಕ್ಷರಲ್ಲ, ಅಧ್ಯಕ್ಷರ ಗಂಡ. ಕುರ್ಚಿ ಅನುರಾಧಾ ಅಕ್ಕನದು, ಕೂರುವುದು ಇವರು. ಅವರ ಹಿಂದೆ ಹಳದಿ ಜೆಸಿಬಿ ಗುರುಗುಟ್ಟುತ್ತಿತ್ತು. ದಾದಿಮಾಳ ಕಥೆಗಳಲ್ಲಿ ರಾಕ್ಷಸ ಬರುವ ಮೊದಲು ಗಿಡ ಅಲುಗುತ್ತಿದ್ದವು, ಹಕ್ಕಿ ಹಾರುತ್ತಿದ್ದವು, ಓಡುವವರಿಗೆ ಒಂದು ಗಳಿಗೆ ಸಿಗುತ್ತಿತ್ತು. ಈ ರಾಕ್ಷಸನಿಗೆ ಅಂಥ ಸೌಜನ್ಯ ಇರಲಿಲ್ಲ.

ದಾದಿಮಾ ಎಂದರೆ ನನ್ನ ಅಜ್ಜಿ, ಬಳೆಗಾರ್ತಿ ಸಾಯಿರಾಬಿ. ಪುರಸಭೆಯ ಹಳೆಯ ಮಳಿಗೆಗಳ ಸಾಲಿನಲ್ಲಿ ನಮ್ಮದು ಬಳೆಯಂಗಡಿ, ಬಾಜೂ ಸತ್ತೆಪ್ಪ ಕಾಕಾನ ಚಪ್ಪಲಿ ಅಂಗಡಿ. ಮೇಲವಂಕಿಯ ಮದುಮಗಳಿರಲಿ, ಮೂಡಲಗಿಯ ಬಸುರಿ ಇರಲಿ, ದಾದಿಮಾಳ ಮುಂದೆ ಕೈಚಾಚದೆ ಅವರ ಕಾರ್ಯ ಆಗುತ್ತಿರಲಿಲ್ಲ.

ಈ ಸಾಲು ಕೆಡವಿ ಮೂರಂತಸ್ತಿನ ಕಾಂಪ್ಲೆಕ್ಸ್ ಎಬ್ಬಿಸುತ್ತಾರಂತೆ. ಆದರೆ ‘ಕೆಡವುತ್ತೇವೆ’ ಎಂದು ಯಾರೂ ಅನ್ನಲಿಲ್ಲ, ‘ಅಭಿವೃದ್ಧಿ’ ಎಂದರು. ‘ಓಡಿಸುತ್ತೇವೆ’ ಎಂದೂ ಅನ್ನಲಿಲ್ಲ, ‘ತಾತ್ಕಾಲಿಕ ಸ್ಥಳಾಂತರ’ ಎಂದರು. ಎಲ್ಲಿಗೆ ಎಂದು ಕೇಳಿದ್ದಕ್ಕೆ ‘ಅದು ಪರಿಶೀಲನೆಯಲ್ಲಿದೆ’ ಎಂಬ ಉತ್ತರ ಬಂತು.

“ಪರಿಶೀಲನೆ ಅಂದ್ರ ಯಾವ ಕಡಿ ಬರತೈತ್ರಿ?” ಸತ್ತೆಪ್ಪ ಕಾಕಾ ಕೇಳಿದ್ದ. “ಅಲ್ಲಿಗೆ ಬಸ್ ಐತೇನ್ರಿ?”

ಈಗ ದಾದಿಮಾ ಕೈಮುಗಿದು ನಿಂತಿದ್ದಳು. “ಅಣ್ಣಾರ, ಗಾಜಿನ ಸಾಮಾನ್ರಿ. ಸಂಜೀತನಕ ಟೈಮ್ ಕೊಡ್ರಿ, ನಾನ ಹೊರ್ತೇನಿ.”

“ಶುಕ್ರವಾರ ಭೂಮಿಪೂಜಿ ಐತಿ. ಜಾಗಾ ಸಾಪ್ ಆಗಬೇಕು. ಹೊಡಿಯೋ ಡ್ರೈವರಾ!”

ಶಟರ್ ಒಳಕ್ಕೆ ಬಾಗಿತು. ಊರಿನ ಹೆಣ್ಣುಮಕ್ಕಳೆಲ್ಲ ಒಟ್ಟಿಗೆ ಕೈ ಕುಲುಕಿದಂತೆ ಒಂದು ಸದ್ದು ಬಂತು. ಅಷ್ಟು ಚೆಂದದ ಸದ್ದನ್ನು ನಾನು ಆ ಅಂಗಡಿಯಲ್ಲಿ ಎಂದೂ ಕೇಳಿರಲಿಲ್ಲ. ಆಮೇಲೆ ಧೂಳು.

ಧೂಳು ಇಳಿಯುವ ಮೊದಲೇ ಪುರಸಭೆಯ ಕಾರಕೂನ ಸೂರಜ ಪಂಚನಾಮೆಗೆ ಬಂದ. ನಷ್ಟ ಆದವರಿಗಷ್ಟೇ ಹೊಸ ಕಾಂಪ್ಲೆಕ್ಸಿನಲ್ಲಿ ಮಳಿಗೆ ಎಂದು ಠರಾವಾಗಿತ್ತು. ಹುಡುಗ ಇನ್ನೂ ಮದುವೆಯಾಗದವನು, ಕೆಲಸಕ್ಕೂ ಹೊಸಬ.

“ಎಷ್ಟು ಬಳಿ ಒಡದಾವ್ರಿ ಆಯಿ?”

ದಾದಿಮಾ ಕಿವಿ ಮುಚ್ಚಿಕೊಂಡಳು. “ಹಂಗ ಅನಬಾರ್ದೋ ನನ ಮಗನ. ಹೆಚ್ಚಿದವು ಅನ್ನು. ಎಲ್ಲಾ ಹೆಚ್ಚಿದವು.”

ಒಡೆಯಿತು ಎನ್ನುವುದು ವಿಧವೆಯ ಬಳೆಗೆ ಆಡುವ ಮಾತು. ಮುತ್ತೈದೆಯ ಬಳೆ ಒಡೆಯುವುದಿಲ್ಲ, ಹೆಚ್ಚುತ್ತದೆ. ಬಳೆ ತೊಟ್ಟ ಯಾರನ್ನು ಕೇಳಿದರೂ ಹೇಳುತ್ತಾರೆ.

ಸೂರಜನ ಪೆನ್ನು ನಿಂತಿತು. “ಹೆಚ್ಚಿದವು ಅಂದ್ರ… ಜಾಸ್ತಿ ಆದವೇನ್ರಿ?”

ಲಗಮಪ್ಪನವರ ಮನೆಯಲ್ಲೂ ತಾಯಿ, ಹೆಂಡತಿ, ತಂಗಿಯರಿದ್ದಾರೆ. ಅವರಿಗೆ ತಿಳಿಯದ ಮಾತಲ್ಲ. ಹೊಟ್ಟೆ ಕುಣಿಸಿ ನಕ್ಕರು. “ಬರಕೋಳೋ! ಆಕೀನ ಬಾಯಿಬಿಟ್ಟು ಹೇಳಾಕತ್ತಾಳಲ್ಲ. ಸರಕು ಹೆಚ್ಚಾಗೈತಿ, ನಷ್ಟ ಇಲ್ಲ.”

“ಅಣ್ಣಾರ, ಖರೆ ಏನಂತ ನಿಮಗ ಗೊತ್ತೈತಿ…”

“ಹಂಗಾರ ಒಡದಾವಂತ ಹೇಳು. ಈಗ ಬರಸ್ತೇನಿ.”

“ಅಂದುಬಿಡು ದಾದಿಮಾ,” ನಾನು ಪಿಸುಗುಟ್ಟಿದೆ. “ಒಂದು ಮಾತಿಗೆ ಅಂಗಡಿ ಹೋಗತೈತಿ.”

“ಈ ಊರಾಗ ಎಲ್ಲಾರ ಕೈಯಾಗೂ ನಾ ಇಟ್ಟ ಬಳಿ ಅದಾವ. ಯಾರ ಗಂಡನ್ನ ಸಾಯಿಸ್ಲಿ, ತಸ್ಲೀಮಾ?”

ಸತ್ತೆಪ್ಪ ಕಾಕಾ ಮುಂದೆ ಬಂದ. “ನನ್ನ ಚಪ್ಪಲಿ ಹರದಾವ್ರಿ. ನಾ ಹರದಾವಂತನ ಅಂತೇನಿ. ಬರೀರಿ.”

“ಹರದದ್ದು ಹೊಲಿಯೂದ ನಿಮ್ಮ ಕುಲಕಸಬಲ್ಲೇನಲೇ? ನಿನಗ ಕೆಲಸ ಸಿಕ್ಕಂಗಾತು. ಅದೂ ನಷ್ಟಲ್ಲ,” ಎಂದರು ಲಗಮಪ್ಪನವರು.

ಸೂರಜ ಎರಡನ್ನೂ ಬರೆದುಕೊಂಡ. ಅಕ್ಷರ ಮಾತ್ರ ದುಂಡಗಿದ್ದವು.

ಶುಕ್ರವಾರ ಚಪ್ಪರ ಎದ್ದಿತು, ಬಾಜಾ ಬಂತು. ಅಧ್ಯಕ್ಷೆ ಹೊಸ ಹಸಿರು ಬಳೆ ತೊಟ್ಟು ಗುದ್ದಲಿ ಹಿಡಿಯಬೇಕು ಎಂದರು ಭಟ್ಟರು. ಊರಿನಲ್ಲಿ ಬಳೆಯಂಗಡಿ ಇಲ್ಲ ಎಂಬುದು ಪುರಸಭೆಗೆ ಹೊಳೆದದ್ದು ಆಗ. ಜೀಪು ನಮ್ಮ ಮನೆಗೆ ಬಂತು. ದಾದಿಮಾ ಮನೆಯಲ್ಲಿ ಉಳಿದಿದ್ದ ಹಸಿರು ಬಳೆ ಪೋಣಿಸಿದ ಒಂದೇ ಮಲಾರವನ್ನು ಹೆಗಲಿಗೇರಿಸಿದಳು. ನಾನು ಬೇಡವೆಂದೆ. ಅವಳು ಜೀಪು ಹತ್ತಿಯಾಗಿತ್ತು.

ನಮ್ಮ ಅಂಗಡಿ ಇದ್ದ ಜಾಗದಲ್ಲೇ ಜಮಖಾನೆ ಹಾಸಿದ್ದರು. ಕೂತರೆ ಕೆಳಗೆ ಕರಕರ ಎನ್ನುತ್ತಿತ್ತು. ದಾದಿಮಾ ಅನುರಾಧಾ ಅಕ್ಕನ ಎಡಗೈ ಹಿಡಿದು ಗೆಣ್ಣು ಒತ್ತಿದಳು.

“ನನ್ನ ಮದಿವ್ಯಾಗೂ ನೀವ ಇಟ್ಟಿದ್ರಿ, ಆಯಿ.”

“ಹೌದ್ ನನ ಮಗಳ. ಅವಾಗ ಕೈ ಮೆತ್ತಗಿತ್ತು. ಸಹಿ ಮಾಡಿ ಮಾಡಿ ಗಟ್ಟಿ ಆಗೈತಿ.”

“ಸಹಿನೂ ಅವರ ಮಾಡ್ತಾರ್ರಿ,” ಅಕ್ಕ ತಲೆ ಎತ್ತದೆ ಅಂದರು.

ಎಡಗೈ ತುಂಬಿತು. ದಾದಿಮಾ ಬಲಗೈ ಹಿಡಿದಳು. ಹಿಡಿದೇ ಕೂತಳು. ಬಳೆ ಎತ್ತಲಿಲ್ಲ.

“ಏನಾತು?” ಲಗಮಪ್ಪನವರು ಬಗ್ಗಿದರು.

“ಈ ಕೈಗೆ ಅಂಗಡ್ಯಾಗ ಕುಂತು ಇಡ್ತೇನ್ರಿ, ಅಣ್ಣಾರ.”

“ಯಾವ ಅಂಗಡಿ?”

“ನೀವು ಕೊಡೂದು. ನನಗೊಂದು, ಸತ್ತೆಪ್ಪಗೊಂದು. ಎಲ್ಲಾರ ಮುಂದ ಹೇಳ್ರಿ, ಇಡ್ತೇನಿ.”

“ನಿಮ್ಮೌನ…” ಎಂದವರು ಭಟ್ಟರನ್ನು ನೋಡಿ ಉಳಿದದ್ದನ್ನು ನುಂಗಿದರು. “ಏ ಅನೂ, ಕೈ ಕಿತ್ಕೋ!”

“ಹೆಂಗ ಕಿತ್ಕೊಳ್ಳಿ?” ಅನುರಾಧಾ ಅಕ್ಕನ ದನಿ ಭಟ್ಟರ ಮುಂದಿದ್ದ ಮೈಕಿನಲ್ಲಿ ಹಾದು ಚಪ್ಪರದ ತುದಿಯವರೆಗೆ ಹೋಯಿತು. “ಬಳಗಾರ್ತಿ ಹಿಡದ ಕೈ ತುಂಬೂದ್ರಾಗ ಎಳಕೊಂಡ್ರ ಗಂಡಗ ಕೇಡ್ರಿ.”

ಹೆಂಗಸರ ಸಾಲಿನಲ್ಲಿ ಯಾರೋ ಕಿಸಕ್ಕನೆ ನಕ್ಕರು. ಮೈಕಿನವನು ಮೈಕು ಆರಿಸಲು ಓಡಿದ. ರಾಹುಕಾಲ ಬಂತು ಎಂದು ಭಟ್ಟರು ಗಡಿಯಾರ ತೋರಿಸಿದರು. ಪೊಲೀಸರನ್ನು ಕರೀರಿ ಎಂದು ಯಾರೋ ಕೂಗಿದರು. ಪೊಲೀಸರು ಬಂದರು. ಎರಡು ಕೈಗಳನ್ನು ನೋಡಿದರು. ಯಾವುದನ್ನು ಮೊದಲು ಹಿಡಿಯಬೇಕೆಂದು ತಿಳಿಯದೆ ನಿಂತರು.

ದಾದಿಮಾ ಹಿಡಿ ಸಡಿಲಿಸಲಿಲ್ಲ. ಅನುರಾಧಾ ಅಕ್ಕ ಕೈ ಎಳೆದುಕೊಳ್ಳಲಿಲ್ಲ.