ಅಮ್ಮನ ಬಳ್ಳಿಗಳಿಗೆ ಬಿದ್ದ ಬೀಗ

ಕಸೂತಿ ಯಂತ್ರ ಸುಮ್ಮನೆ ನಿಂತಿತ್ತು. ಕಸೂತಿಯಕ್ಕ ಕಂಪ್ಯೂಟರಿನ ಪರದೆಯನ್ನೇ ನೋಡುತ್ತಿದ್ದಳು. ತಲೆಬುಡ ತಿಳಿಯುತ್ತಿರಲಿಲ್ಲ. ಅಮ್ಮ ಕೈಯಾರೆ ಬರೆದಿದ್ದ ಹೂಬಳ್ಳಿಗಳನ್ನೆಲ್ಲ ಅವಳು ಅದರಲ್ಲೇ ಇಟ್ಟಿದ್ದಳು. ಮೂಲ ಕಾಗದಗಳನ್ನು ಗೆದ್ದಲು ತಿಂದಿತ್ತು. ಮತ್ತೆ ಬರೆಯೋಣವೆಂದರೆ ಅಮ್ಮನ ಕಣ್ಣು ಮಂಜಾಗಿತ್ತು. ಈಗ ಯಾವ ಚಿತ್ರ ಒತ್ತಿದರೂ ತೆರೆಯುತ್ತಿಲ್ಲ. "ನಿಮ್ಮ ಫೈಲುಗಳಿಗೆ ಬೀಗ ಹಾಕಿದ್ದೇವೆ. ಹಣ ಕೊಟ್ಟರೆ ತೆಗೆಯುತ್ತೇವೆ" ಎಂಬ ಬರಹವೊಂದೇ ಕಾಣುತ್ತಿತ್ತು.

"ಯಾರಪ್ಪಾ ಇವರು? ನಮ್ಮನೆ ಒಳಗೆ ಯಾವಾಗ ಬಂದ್ರು?"

ಮೈದುನ ತಲೆ ಕೆರೆದುಕೊಂಡ. "ನಾನೇನೂ ಮಾಡಿಲ್ಲ ಅತ್ತಿಗೆ. ಡಿಸೈನ್ ಸಾಫ್ಟ್‌ವೇರ್ ಅವಧಿ ಮುಗೀತು ಅಂದ್ರಿ. ದುಡ್ಡು ಕಟ್ಟದೆ ಅದನ್ನ ಪುಕ್ಕಟೆ ಓಡಿಸೋ ಟೂಲ್ ಒಂದನ್ನ ಇಳಿಸಿ ಹಾಕ್ದೆ, ಅಷ್ಟೆ. ಊರೆಲ್ಲ ಹಾಕ್ಕೊಳ್ಳುತ್ತೆ!"

ದಿಂಬಿನ ಚೀಲ ಒಯ್ಯಲು ಬಂದಿದ್ದ ಪಕ್ಕದ ಮನೆಯ ಕಂಪ್ಯೂಟರ್ ಟೀಚರಮ್ಮ ಕೇಳಿದಳು, "ಹಾಕುವಾಗ ಅದು ಏನಾದ್ರೂ ಕೇಳ್ತಾ?"

"ಮೊದಲು ಆಂಟಿವೈರಸ್ ಕಾವಲು ಆಫ್ ಮಾಡಿ ಅಂತು. ಮಾಡ್ದೆ."

"ಅಲ್ಲಯ್ಯಾ, ಬಾಗಿಲಿಗೆ ಬಂದವನು 'ನಾಯಿ ಕಟ್ಟಿಹಾಕಿ, ದೀಪ ಆರಿಸಿ' ಅಂದ್ರೆ ಒಳಗೆ ಕರೀತೀಯಾ?"

"ಆದ್ರೆ ಸಾಫ್ಟ್‌ವೇರ್ ಚೆನ್ನಾಗೇ ಓಡ್ತಲ್ಲ!"

"ಓಡಲೇಬೇಕು. ಓಡಿದ್ರೆ ತಾನೆ ನಿನಗೆ ಅನುಮಾನ ಬರಲ್ಲ? ಇಂಥವುಗಳ ಒಳಗೆ ಕಳ್ಳ ತಂತ್ರಾಂಶ ಅಡಗಿರುತ್ತೆ. ಒಂದು ಬೀಗ ಹಾಕುತ್ತೆ, ಇನ್ನೊಂದು ಸದ್ದಿಲ್ಲದೆ ಬ್ಯಾಂಕಿನ ಪಾಸ್‌ವರ್ಡ್ ಕದಿಯುತ್ತೆ."

ಕಸೂತಿಯಕ್ಕ ಎದ್ದು ನಿಂತಳು. "ಅಯ್ಯೋ, ಇನ್ನೊಂದು ಪ್ರತಿ ಪೆನ್‌ಡ್ರೈವಲ್ಲಿದೆ!"

ಚಿತ್ರಗಳನ್ನು ಕಸೂತಿ ಯಂತ್ರಕ್ಕೆ ಒಯ್ಯುತ್ತಿದ್ದುದೂ ಅದರಲ್ಲೇ. ಪದೇ ಪದೇ ಹುಡುಕುವುದು ಬೇಡವೆಂದು ಅದನ್ನು ಕಂಪ್ಯೂಟರಿಗೇ ಚುಚ್ಚಿಟ್ಟಿರುತ್ತಿದ್ದಳು. ಈಗಲೂ ಅಲ್ಲೇ ಇತ್ತು. ಟೀಚರಮ್ಮ ಅದನ್ನು ತೆರೆದು ನೋಡಿದಳು. ಅದಕ್ಕೂ ಬೀಗ ಬಿದ್ದಿತ್ತು.

"ಕೇಳಿದಷ್ಟು ಕೊಟ್ಟುಬಿಡೋಣ," ಎಂದ ಮೈದುನ.

"ಕೊಟ್ಟರೂ ತೆಗೀತಾರೆ ಅನ್ನೋ ಖಾತ್ರಿ ಇಲ್ಲ," ಎಂದಳು ಟೀಚರಮ್ಮ. " ಮೊದಲು ಇಂಟರ್‌ನೆಟ್ ಸಂಪರ್ಕ ತಪ್ಪಿಸು. ಬೇರೆ ಫೋನಿಂದ ಪಾಸ್‌ವರ್ಡ್ ಬದಲಿಸಿ, ಸೈಬರ್ ಪೊಲೀಸರಿಗೆ ದೂರು ಕೊಡಿ."

ಮೂಲೆಯಲ್ಲಿ ಕೂತಿದ್ದ ಅಮ್ಮ ಹಿಂದೆ ಹೊಲಿದಿಟ್ಟಿದ್ದ ಮಾದರಿ ಬಟ್ಟೆಗಳ ಗಂಟು ಬಿಚ್ಚಿದಳು. ಒಂದು ತುಂಡಿನ ದಾರದ ಮೇಲೆ ಬೆರಳಾಡಿಸಿದಳು. "ಇಲ್ಲಿ ಬಳ್ಳಿ ಎಡಕ್ಕೆ ಹೊರಳುತ್ತೆ. ಎಲೆ ಮಾತ್ರ ಹೊರಳಲ್ಲ. ಬರ್ಕೋ ಮಗಳೇ."

ಕಸೂತಿಯಕ್ಕ ಬರೆದುಕೊಂಡಳು. ಆದರೆ ಗಂಟಿನಲ್ಲಿದ್ದ ತುಂಡುಗಳು ಕೆಲವೇ.

"ಉಳಿದವು ಎಲ್ಲಿ?" ಎಂದಳು ಅಮ್ಮ. ಕಸೂತಿಯಕ್ಕ ಖಾಲಿಯಾದ ಗಂಟಿನ ಬಟ್ಟೆಯನ್ನು ಮಡಿಸಿಟ್ಟಳು.

ಕೊನೆಗೆ ಮೈದುನನೇ ತಗ್ಗಿದ ದನಿಯಲ್ಲಿ ಕೇಳಿದ, "ಟೀಚರಮ್ಮಾ, ಅಸಲಿಯಾಗೇ ಪುಕ್ಕಟೆ ಸಿಗೋ ಸಾಫ್ಟ್‌ವೇರ್ ಇದ್ಯಾ?"

"ಇದೆ. ತಯಾರಿಸಿದವರ ವೆಬ್‌ಸೈಟಿಂದಲೇ ಇಳಿಸ್ಕೋಬೇಕು. ನಾಳೆ ತೋರಿಸ್ತೀನಿ."

ಇದನ್ನು ಓದುತ್ತಿರುವ ನೀವೂ ಒಮ್ಮೆ ನಿಮ್ಮ ಕಂಪ್ಯೂಟರನ್ನು ನೋಡಿಕೊಳ್ಳಿ. ಆಂಟಿವೈರಸ್ ಕಾವಲು ನಿಲ್ಲಿಸು ಎನ್ನುವ ಯಾವ ಟೂಲನ್ನೂ ಒಳಗೆ ಬಿಡಬೇಡಿ. ಬೇಕಾದದ್ದರ ಪ್ರತಿ ತೆಗೆದು, ಪೆನ್‌ಡ್ರೈವ್ ಕಿತ್ತು ಬೇರೆ ಇಡಿ. ಕಳೆದದ್ದನ್ನು ಬೆರಳಲ್ಲಿ ಓದಿ ಹೇಳುವ ಅಮ್ಮ ಎಲ್ಲರ ಮನೆಯಲ್ಲೂ ಇರುವುದಿಲ್ಲ.