ಏಳನೇ ನಂಬರಿನ ಕೂಗು

ಅಕ್ಕ ಹರಾಜಿನ ಹಾಲ್‌ಗೆ ಬಂದದ್ದನ್ನು ನಾನು ನೋಡುವ ಮೊದಲೇ ಕೇಳಿಸಿಕೊಂಡೆ. "ಸ್ವಲ್ಪ ಸರ್ಕೊಳ್ರಪ್ಪಾ, ಕುರ್ಚಿಗೂ ಠೇವಣಿ ಕಟ್ಟಿದೀರೇನು?" ಎನ್ನುತ್ತಾ ಗಂಡಸರ ಮೊಣಕಾಲುಗಳ ನಡುವೆ ದಾರಿ ಮಾಡಿಕೊಂಡು ಮೂರನೇ ಸಾಲಿನಲ್ಲಿ ಕುಳಿತಳು. ಕೈಯಲ್ಲಿ ಏಳು ಎಂದು ಬರೆದ ರಟ್ಟಿತ್ತು. ಅದರಿಂದ ಗಾಳಿ ಬೀಸಿಕೊಳ್ಳತೊಡಗಿದಳು. ನನ್ನ ಕಡೆ ನೋಡಲಿಲ್ಲ.

ಅವಳು ಬರುವುದಿಲ್ಲ ಎಂದಿದ್ದಳು. ಎರಡು ಸಾರಿ ಕೇಳಿದ್ದೆ, ಎರಡು ಸಾರಿಯೂ ಹಾಗೇ ಅಂದಿದ್ದಳು. ಆ ಮಾತಿನ ಮೇಲೆ ನಾನು ಆಫೀಸಿಗೆ ಬರೆದುಕೊಟ್ಟಿದ್ದೆ: ಈ ಹರಾಜಿನಲ್ಲಿ ನನ್ನ ಬಂಧುಗಳು ಯಾರೂ ಭಾಗವಹಿಸುತ್ತಿಲ್ಲ.

ಮಾರಾಟಕ್ಕಿದ್ದುದು ಮುಚ್ಚಿಹೋದ ಮುದ್ರಣಾಲಯವೊಂದರ ಸಾಮಾನು. ಎರಡು ಅಚ್ಚಿನ ಯಂತ್ರ, ಮೂರು ಮೋಟರು, ಮೂಟೆಗಟ್ಟಲೆ ಸೀಸದ ಅಚ್ಚುಮೊಳೆ. ಎಲ್ಲವನ್ನೂ ತೂಗಿಸಿ ಅದಕ್ಕೊಂದು ಕನಿಷ್ಠ ಬೆಲೆ ಕಟ್ಟಿದವಳು ನಾನು. ಕೂಗು ಆ ಬೆಲೆಯನ್ನು ಮುಟ್ಟದಿದ್ದರೆ ಸಾಮಾನು ಮಾರುವಂತಿಲ್ಲ, ಮತ್ತೆ ಹರಾಜು ಇಡಬೇಕು. ಬೆಲೆ ಎಷ್ಟೆಂದು ಹರಾಜು ಕೂಗುವವರಿಗೂ ಹೇಳುವುದಿಲ್ಲ. ಅದು ಅರಗು ಒತ್ತಿದ ಲಕೋಟೆಯಲ್ಲಿರುತ್ತದೆ. ಸುತ್ತಿಗೆ ಬಿದ್ದ ಮೇಲೆ ಲಕೋಟೆ ಒಡೆದು, ಅಲ್ಲಿಯವರೆಗೆ ಈ ಮೊತ್ತ ನಮ್ಮಿಬ್ಬರ ಹೊರತು ಯಾರಿಗೂ ತಿಳಿದಿರಲಿಲ್ಲ ಎಂಬ ಕಾಗದಕ್ಕೆ ನಮ್ಮ ಆಫೀಸಿನ ದೊಡ್ಡ ಆಡಿಟರೂ ನಾನೂ ಸಹಿ ಹಾಕಬೇಕು. ಹನ್ನೊಂದು ವರ್ಷದಿಂದ ಹಾಕುತ್ತಾ ಬಂದಿದ್ದೇನೆ.

ಮೊತ್ತ ಎಂಟು ಲಕ್ಷ ನಲವತ್ತಾರು ಸಾವಿರದ ಐನೂರು.

ಅಕ್ಕನ ರಟ್ಟು ಹಿಂದಕ್ಕೂ ಮುಂದಕ್ಕೂ ಆಡುವುದನ್ನು ನೋಡುತ್ತಿದ್ದಾಗ ನನಗೆ ಕ್ಯಾಲ್ಕುಲೇಟರ್ ನೆನಪಾಯಿತು.

ನಾನಿರುವುದು ಅಕ್ಕನ ಗುಜರಿ ಅಂಗಡಿಯ ಮೇಲಿನ ಮನೆಯಲ್ಲಿ, ಅವಳ ಜೊತೆಗೇ. ಭಾನುವಾರ ಮಧ್ಯಾಹ್ನ ಲೆಕ್ಕ ಹಾಕಲು ಕುಳಿತಾಗ ನನ್ನ ಕ್ಯಾಲ್ಕುಲೇಟರಿನ ಬ್ಯಾಟರಿ ಸತ್ತಿತ್ತು. ಕೆಳಗಿಳಿದು ಅಂಗಡಿಯದನ್ನು ತಂದೆ. ಒಂದೊಂದು ಬಾಬ್ತಿನ ಬೆಲೆಯನ್ನೂ ಅದರ ಮೆಮೊರಿಗೆ ಸೇರಿಸುತ್ತಾ ಹೋಗಿ, ಕೊನೆಗೆ ಒಟ್ಟು ತೆಗೆದು, ಬರೆದು, ದೊಡ್ಡ ಆಡಿಟರು ನೋಡಿ ಅರಗು ಒತ್ತಲೆಂದು ಲಕೋಟೆಗೆ ಹಾಕಿದೆ. ಪರದೆ ಅಳಿಸಿದೆ. ಮೆಮೊರಿ ಅಳಿಸಲು ಬೇರೆ ಗುಂಡಿ ಒತ್ತಬೇಕು. ಅದನ್ನು ಒತ್ತಿದೆನೇ? ಆಫೀಸಿನಲ್ಲಾದರೆ ಬೆರಳು ತಾನಾಗಿಯೇ ಹೋಗುತ್ತದೆ. ಮನೆಯಲ್ಲಿ, ಅಷ್ಟರಲ್ಲಿ ಅಕ್ಕ ಊಟಕ್ಕೆ ಕರೆದಿದ್ದಳು. ಕ್ಯಾಲ್ಕುಲೇಟರನ್ನು ಹಾಗೇ ಕೆಳಗೆ ತೆಗೆದುಕೊಂಡು ಹೋಗಿ ಗಲ್ಲಾ ಪೆಟ್ಟಿಗೆಯ ಪಕ್ಕ ಇಟ್ಟೆ.

ಒತ್ತಿರಲಿಲ್ಲ.

"ಸರ್," ಎಂದು ಪಕ್ಕದಲ್ಲಿದ್ದ ದೊಡ್ಡ ಆಡಿಟರ ಕಡೆ ಬಾಗಿದೆ. "ಆ ಏಳನೇ ನಂಬರು..."

"ಆಮೇಲಮ್ಮಾ, ಶುರುವಾಗ್ತಿದೆ," ಎಂದರು ಅವರು, ಕನ್ನಡಕ ಒರೆಸುತ್ತಾ.

ನಾನು ಸುಮ್ಮನಾದೆ. ಹಾಗೆ ಸುಮ್ಮನಾಗಲು ಅವರೇ ಕಾರಣ ಕೊಟ್ಟರಲ್ಲ ಎಂದು ನಿರಾಳವಾಗಿತ್ತು ಎಂಬುದನ್ನೂ ಒಪ್ಪಿಕೊಳ್ಳಬೇಕು. ಅಕ್ಕ ಮೆಮೊರಿ ನೋಡಿರಲಿಕ್ಕಿಲ್ಲ. ಅವಳು ಕೂಡುವುದು ಕಳೆಯುವುದು ಬಿಟ್ಟು ಬೇರೆ ಗುಂಡಿ ಮುಟ್ಟಿದ್ದನ್ನು ನಾನು ಕಂಡಿಲ್ಲ.

ಐದು ಲಕ್ಷದಿಂದ ಕೂಗು ಶುರುವಾಯಿತು. ಹರಾಜು ಕೂಗುವವರು ಒಣಕಲು ದೇಹದ, ದೊಡ್ಡ ಗಂಟಲಿನ ಮನುಷ್ಯ. ಹತ್ತು ಹತ್ತು ಸಾವಿರ ಏರುತ್ತಾ ಹೋಯಿತು. ಆರು ದಾಟುವ ಹೊತ್ತಿಗೆ ಉಳಿದವರು ಮೂವರು: ಅಕ್ಕ, ಎಲ್ಲರೂ ಮೀಸೆ ಎಂದು ಕರೆಯುವ ಗುಜರಿ ವ್ಯಾಪಾರಿ, ಅವನ ಪಕ್ಕದಲ್ಲಿ ಅವನ ಭಾವಮೈದುನ. ಅವರಿಬ್ಬರೂ ಒಬ್ಬರನ್ನೊಬ್ಬರು ನೋಡದೆಯೇ ಒಟ್ಟಿಗೆ ಕೂಗು ನಿಲ್ಲಿಸುವವರು. ಬೆಲೆ ಮುಟ್ಟದೆ ಸಾಮಾನು ವಾಪಸು ಹೋದರೆ ಮುಂದಿನ ಸಾರಿ ಕನಿಷ್ಠ ಬೆಲೆ ಇಳಿಯುತ್ತದೆ ಎಂದು ಅವರಿಗೆ ಗೊತ್ತು.

"ಏಳು ಎಂಬತ್ತು!" ಎಂದ ಮೀಸೆ.

"ತೊಂಬತ್ತು," ಎಂದಳು ಅಕ್ಕ.

ಮೀಸೆ ರಟ್ಟನ್ನು ಮಡಿಲಿಗೆ ಹಾಕಿಕೊಂಡ. "ನಂಗೆ ಸಾಕು. ಅಮ್ಮಾವ್ರು ಸೀಸ ಕರಗ್ಸಿ ಓಲೆ ಮಾಡ್ಸ್ಕೊಳ್ಳಲಿ."

ಭಾವಮೈದುನನೂ ತಲೆಯಲ್ಲಾಡಿಸಿದ.

ಈಗ ಅಕ್ಕನ ಮೇಲೆ ಕೂಗುವವರು ಯಾರೂ ಇರಲಿಲ್ಲ. ಏನೂ ಗೊತ್ತಿಲ್ಲದವಳಾದರೆ ಅವಳು ಸುಮ್ಮನೆ ಕೂರುತ್ತಾಳೆ, ಮೂರು ಸಾರಿ ಎಣಿಕೆಯಾಗುತ್ತದೆ, ಲಕೋಟೆ ಒಡೆಯುತ್ತಾರೆ, ಬೆಲೆ ಸಾಲದೆಂದು ಸಾಮಾನು ವಾಪಸು ಹೋಗುತ್ತದೆ. ಅವಳು ಬೈದುಕೊಳ್ಳುತ್ತಾ ಮನೆಗೆ ಬರುತ್ತಾಳೆ. ತನ್ನ ಕೂಗಿನ ಮೇಲೆ ತಾನೇ ಏರಿಸುವ ವ್ಯಾಪಾರಿ ಇಲ್ಲ.

"ಏಳು ತೊಂಬತ್ತು, ಒಂದನೇ ಸಾರಿ."

ರಟ್ಟು ಬೀಸುವುದು ನಿಂತಿತು.

"ಏಳು ತೊಂಬತ್ತು, ಎರಡನೇ ಸಾರಿ."

ಬೇಡಕ್ಕ, ಎಂದುಕೊಂಡೆ.

ಅಕ್ಕ ರಟ್ಟು ಎತ್ತಿದಳು. "ಎಂಟು ಲಕ್ಷ ನಲವತ್ತೇಳು ಸಾವಿರ."

ನಗು ಹಿಂದಿನ ಸಾಲಿನಿಂದ ಉಕ್ಕಿಕೊಂಡು ಬಂತು.

"ಅಮ್ಮಾ, ಏಳನೇ ನಂಬರು," ಎಂದರು ಕೂಗುವವರು. "ಮೇಲಿನ ಕೂಗು ನಿಮ್ಮದೇ ಇದೆ."

"ಗೊತ್ತು. ಕಿವಿ ಇದೆ ನಂಗೆ. ಬರ್ಕೊಳ್ಳಿ."

"ಕನ್ನಡಿ ಮುಂದೆ ನಿಂತ್ಕೊಂಡು ಜಗಳ ಆಡ್ತಿದಾರೆ," ಎಂದ ಮೀಸೆ. ಮತ್ತೆ ನಗು. ದೊಡ್ಡ ಆಡಿಟರೂ ನಕ್ಕರು. ಅವರಿಗೆ ಮೊತ್ತ ಗೊತ್ತಿತ್ತು, ಆದರೆ ಇದು ಅದೃಷ್ಟ ಎಂದುಕೊಂಡರೋ ಏನೋ. ನನ್ನ ಕಡೆ ತಿರುಗಿ, "ನಮ್ಮ ಕೆಲಸ ಸಲೀಸಾಯ್ತು ನೋಡಿ," ಎಂದು ಪಿಸುಗುಟ್ಟಿದರು.

ಅವಳು ಎಂಟೂವರೆ ಎಂದಿದ್ದರೆ ನಾನೂ ಅನುಮಾನವನ್ನು ನುಂಗಿಕೊಂಡು ಕೂರುತ್ತಿದ್ದೆನೇನೋ. ಆದರೆ ಅಕ್ಕ ತರಕಾರಿಯವಳ ಹತ್ತಿರ ಎರಡು ರೂಪಾಯಿ ಚಿಲ್ಲರೆಗೆ ಹತ್ತು ನಿಮಿಷ ನಿಲ್ಲುವವಳು. ಬೇಕಾದದ್ದಕ್ಕಿಂತ ಮೂರೂವರೆ ಸಾವಿರ ಹೆಚ್ಚು ಕೊಡಲು ಅವಳಿಗೆ ಮನಸ್ಸು ಬರಲಿಲ್ಲ. ಐನೂರು ಮಾತ್ರ ಮೇಲಿಟ್ಟಿದ್ದಳು.

ಈಗ ಅವಳು ನನ್ನನ್ನು ನೋಡಿದಳು. ಬೆದರಿಕೆಯೂ ಅಲ್ಲ, ಬೇಡಿಕೆಯೂ ಅಲ್ಲ. ಮನೆಯಲ್ಲಿ ಬಾಗಿಲು ಹಾಕಿಕೋ ಎನ್ನುವಾಗ ನೋಡುವ ಹಾಗೆ.

"ಎಂಟು ನಲವತ್ತೇಳು, ಒಂದನೇ ಸಾರಿ."

ಸುತ್ತಿಗೆ ಬಿದ್ದ ಮೇಲೆ ಮಾರಾಟ ಮಾರಾಟವೇ. ಆಮೇಲೆ ನನ್ನ ಮುಂದೆ ಒಂದು ಕಾಗದ ಬರುತ್ತದೆ, ಅಷ್ಟೇ. ಮಾತೆತ್ತಿದರೆ ಅಕ್ಕನ ಠೇವಣಿ ಹೋಗುತ್ತದೆ, ವರ್ಷವಿಡೀ ಅವಳನ್ನು ಯಾವ ಹರಾಜಿಗೂ ಸೇರಿಸುವುದಿಲ್ಲ. ಹರಾಜಿಲ್ಲದಿದ್ದರೆ ಅಂಗಡಿಗೆ ಸಾಮಾನೆಲ್ಲಿಂದ? ನನ್ನ ಕೆಲಸದ ಗತಿ ಏನೆಂದು ಯೋಚಿಸುವ ಧೈರ್ಯ ಬರಲಿಲ್ಲ.

"ಎರಡನೇ ಸಾರಿ."

ಸುತ್ತಿಗೆ ಮೇಲೆದ್ದಿತು. ಕುರ್ಚಿ ಕಿರುಗುಟ್ಟಿದ ಸದ್ದಿನಿಂದ ನನಗೆ ಗೊತ್ತಾಯಿತು, ನಾನು ಎದ್ದು ನಿಂತಿದ್ದೆ.

"ನಿಲ್ಲಿಸಿ. ಲಕೋಟೆಯ ಒಳಗಿನ ಮೊತ್ತ ಹೊರಗೆ ಹೋಗಿದೆ. ನನ್ನಿಂದ."

ದೊಡ್ಡ ಆಡಿಟರು ಕನ್ನಡಕ ತೆಗೆದರು. "ಏನಂತಿದೀರಿ? ಯಾರಿಗೆ ಹೇಳಿದ್ರಿ?"

"ಹೇಳಿಲ್ಲ ಸರ್. ಕ್ಯಾಲ್ಕುಲೇಟರಿನಲ್ಲಿ ಬಿಟ್ಟಿದ್ದೆ."

"ಯಾರ ಕೈಗೆ ಸಿಕ್ತು ಅದು?"

ಆ ಒಂದು ಪದ ನನ್ನ ನಾಲಿಗೆಯ ಮೇಲೆ ಬರಲಿಲ್ಲ. ಹುಟ್ಟಿದಾಗಿನಿಂದ ದಿನಕ್ಕೆ ನೂರು ಸಾರಿ ಆಡಿದ ಪದ. ತಲೆಗಳೆಲ್ಲ ಒಂದೊಂದಾಗಿ ಮೂರನೇ ಸಾಲಿಗೆ ತಿರುಗಿದವು. ಮೀಸೆಯ ನಗು ಹಾಗೇ ಅರ್ಧಕ್ಕೆ ನಿಂತಿತ್ತು.

"ಎಲ್ರೂ ಏನು ಹಾಗೆ ನೋಡ್ತೀರಾ?" ಅಕ್ಕ ರಟ್ಟನ್ನು ಮುಂದಿನ ಕುರ್ಚಿಯ ಬೆನ್ನಿಗೆ ಬಡಿದಳು. "ನಂಗೇ ಸಿಕ್ಕಿದ್ದು. ನನ್ ತಂಗಿ ಅವಳು. ಕ್ಯಾಲ್ಕುಲೇಟರ್ ನಂದು, ಗುಂಡಿ ಒತ್ತಿದವಳೂ ನಾನು. ಇವ್ರಿಬ್ರು ಸೇರ್ಕೊಂಡು ಪ್ರತಿ ಸಾರಿ ಬೆಲೆ ಮುರೀತಾರಲ್ಲ, ಅದನ್ನ ಮಾತ್ರ ಯಾರೂ ಎದ್ದು ನಿಂತು ಹೇಳಲ್ಲ."

ಮೀಸೆ ಎದ್ದು, ಭಾವಮೈದುನನಿಗೆ ಹೊರಡುವಂತೆ ಸನ್ನೆ ಮಾಡಿದ.

ಹರಾಜು ರದ್ದಾಯಿತು. ಜನ ಕುರ್ಚಿ ಎಳೆದುಕೊಂಡು ಹೊರಟರು. ದೊಡ್ಡ ಆಡಿಟರು ನಮ್ಮಿಬ್ಬರನ್ನೂ ಪಕ್ಕದ ಕೋಣೆಗೆ ಕರೆದುಕೊಂಡು ಹೋಗಿ, ಉದ್ದನೆಯ ಮೇಜಿನ ಎರಡು ತುದಿಗೆ ಎರಡು ಬಿಳಿ ಹಾಳೆ ಇಟ್ಟರು.

"ನಡೆದದ್ದು ನಡೆದ ಹಾಗೆ ಬರೀರಿ. ಒಬ್ಬರದು ಒಬ್ಬರು ನೋಡಬಾರದು." ಬಾಗಿಲಲ್ಲಿ ತಿರುಗಿ ನಿಂತು ನನಗೆ, "ಶುರುವಾಗೋಕೆ ಮುಂಚೆ ಏನೋ ಹೇಳೋಕೆ ಬಂದಿದ್ರಿ. ಅದನ್ನೂ ಬರೀರಿ," ಎಂದರು. ಬಾಗಿಲು ಮುಚ್ಚಿಕೊಂಡಿತು.

ಅಕ್ಕ ಪೆನ್ನನ್ನು ಹಾಳೆಯ ಮೇಲೆ ಉರುಳಿಸಿದಳು.

"ಇನ್ನೊಂದ್ ಕ್ಷಣ ಕೂತಿದ್ರೆ ಆಗ್ತಿತ್ತು," ಎಂದಳು. "ಸಹಿ ತಾನೆ? ಹಾಕಿದ್ರೆ ಮುಗೀತಿತ್ತು."

"ನೀನು ಬರಲ್ಲ ಅಂದಿದ್ದೆ."

"ಬರಬಾರದು ಅಂತಾನೇ ಇದ್ದೆ. ಆ ನಂಬರು ನೋಡಿದ್ಮೇಲೆ..." ಕೈಯಾಡಿಸಿದಳು. "ಒಂದೇ ಒಂದು ಸಾರಿ ಆ ಮೀಸೆಯ ಸೋತ ಮುಖ ನೋಡ್ಬೇಕಿತ್ತು ಕಣೆ."

ನಾನು ಬರೆಯತೊಡಗಿದೆ. ತಾರೀಖು, ವಾರ, ಕ್ಯಾಲ್ಕುಲೇಟರಿನ ಬ್ಯಾಟರಿ. ನನ್ನ ಅಕ್ಷರ ಎಂದಿನಂತೆ ದುಂಡಗಿರಲಿಲ್ಲ. ಅತ್ತ ಪೆನ್ನಿನ ಸದ್ದೇ ಇರಲಿಲ್ಲ. ತಲೆಯೆತ್ತಿದಾಗ ಅವಳು ತನ್ನ ಹಾಳೆಯನ್ನು ಮೇಜಿನ ಮೇಲೆ ನನ್ನ ಕಡೆಗೆ ತಳ್ಳುತ್ತಿದ್ದಳು.

"ನಂದೂ ನೀನೇ ಬರ್ಕೊಡು. ನಾನು ಹೇಳ್ತಾ ಹೋಗ್ತೀನಿ. ಅಂಗಡಿ ಕಾಗದ ಎಲ್ಲಾ ನೀನೇ ತಾನೆ ಬರೆಯೋದು?"

"ಆಗಲ್ಲ ಅಕ್ಕ."

"ಯಾಕೆ?"

"ನೀನೇ ಕೈಯಾರೆ ಬರೆದದ್ದಾಗಿರಬೇಕು."

ಅವಳು ನನ್ನ ಮುಖವನ್ನು ನೋಡಿದಳು. ನಾನು ಹಾಳೆಯನ್ನು ಮುಟ್ಟಲಿಲ್ಲ. ಕೊನೆಗೆ ಅವಳೇ ಎದ್ದು ಬಗ್ಗಿ ಅದನ್ನು ಎಳೆದುಕೊಂಡು, ಪೆನ್ನಿನ ಮುಚ್ಚಳ ಹಲ್ಲಿನಲ್ಲಿ ಕಚ್ಚಿ ತೆಗೆದು, ಒಂದೊಂದೇ ಅಕ್ಷರ ಒತ್ತಿ ಬರೆಯಲು ಶುರುಮಾಡಿದಳು.